ಮನೆಯೊಂದು, ಬಾಗಿಲೊಂದು
(ಪವಿತ್ರ ಕುಟುಂಬದ ಹಬ್ಬದ ಪ್ರಬೋಧನೆ)



ಕ್ರಿಸ್ತಜಯಂತಿಯ ಸಂಭ್ರಮ ಇನ್ನೂ ಮುಗಿದಿಲ್ಲ. ಗೋದಲಿಯ ದೀಪಗಳು ಉರಿಯುತ್ತಲೇ ಇವೆ. ಅದೇ ಗೋದಲಿಯ ಮುಂದೆ ಧರ್ಮಸಭೆ ನಮ್ಮನ್ನು ಇಂದು ಮತ್ತೊಮ್ಮೆ ನಿಲ್ಲಿಸಿದೆ. ಮೊನ್ನೆ ನಮ್ಮ ಕಣ್ಣು ಕಂದ ಯೇಸುವಿನ ಮೇಲಿತ್ತು. ಇಂದು ಆ ಮಗುವಿನ ಎಡಬಲದಲ್ಲಿರುವ ತಾಯಿತಂದೆಯರನ್ನೂ ಸೇರಿಸಿ ನೋಡಿರೆಂದು ಧರ್ಮಸಭೆ ಕರೆಯುತ್ತಿದೆ. ದೇವರು ಮನುಷ್ಯರಾಗಿ ಬಂದಾಗ ಮೊದಲು ಬಂದದ್ದು ಒಂದು ಮನೆಗೆ. ಸುಮಾರು ಮೂವತ್ತು ವರ್ಷ ಅವರು ಆ ಮನೆಯಲ್ಲೇ ಇದ್ದರು. ಊರೂರು ತಿರುಗಿ ಬೋಧಿಸಿದ್ದು ಕೆಲವೇ ವರ್ಷ. ಮನೆಗೆ ದೇವರು ಕೊಟ್ಟ ಬೆಲೆ ಎಷ್ಟೆಂಬುದು ಇದರಿಂದಲೇ ತಿಳಿಯುತ್ತದೆ.

ಈ ಹಬ್ಬವನ್ನು 1893ರಲ್ಲಿ ಆರಂಭಿಸಿದವರು ಜಗದ್ಗುರು 13ನೇ ಲಿಯೋರವರು. 1921ರಲ್ಲಿ ಜಗದ್ಗುರು 15ನೇ ಬೆನೆಡಿಕ್ಟರು ಇದನ್ನು ಇಡೀ ಧರ್ಮಸಭೆಗೆ ವಿಸ್ತರಿಸಿದರು. ಇದೇ 13ನೇ ಲಿಯೋರವರು 1891ರಲ್ಲಿ ಕಾರ್ಮಿಕರ ಕುರಿತು 'ರೇರುಮ್ ನೊವಾರುಮ್' ಎಂಬ ವಿಶ್ವಪತ್ರವನ್ನು ಬರೆದರು. ದುಡಿಯುವವನ ಕೂಲಿ ಅವನ ಹೆಂಡತಿ ಮಕ್ಕಳನ್ನೂ ಸಲಹುವಂತಿರಬೇಕು ಎಂದು ಅದರಲ್ಲಿ ವಾದಿಸಿದರು. ಯುರೋಪಿನ ಹಳ್ಳಿಗಳ ಜನ ಹೊಲಮನೆ ಬಿಟ್ಟು ಕಾರ್ಖಾನೆಗಳತ್ತ ಹೊರಟಿದ್ದ ಕಾಲವದು. ಕಾರ್ಮಿಕನ ಕೂಲಿಯ ಬಗ್ಗೆ ಬರೆದ ಎರಡೇ ವರ್ಷಕ್ಕೆ ಕಾರ್ಮಿಕನ ಮನೆಗೊಂದು ಹಬ್ಬವನ್ನೂ ಕೊಟ್ಟರು. ಬಡಗಿಯಾಗಿ ದುಡಿದ ಸಂತ ಜೋಸೆಫರ ಮನೆಯನ್ನು ಆ ಜನರ ಕಣ್ಣಮುಂದೆ ಇಟ್ಟರು.

ಹಾಗಾದರೆ ಈ ಹಬ್ಬ ನಮ್ಮದೇ ಹಬ್ಬ. ವಾಡಿ, ಸೇಡಂ, ಮಳಖೇಡಗಳ ಸಿಮೆಂಟ್ ಕಾರ್ಖಾನೆಗಳಲ್ಲಿ ಮೂರು ಪಾಳಿಯಲ್ಲಿ ದುಡಿಯುವವರು, ಶಹಾಬಾದಿನ ಕಲ್ಲುಗಣಿಗಳಲ್ಲಿ ಬಿಸಿಲಿಗೆ ಬೆನ್ನು ಕೊಟ್ಟವರು, ಚಿತ್ತಾಪುರದ ತೊಗರಿ ಹೊಲಗಳಲ್ಲಿ ಬಾಗಿದವರು, ಚಿಂಚೋಳಿಯ ತಾಂಡಾಗಳಿಂದ ದೂರದ ನಗರಗಳಿಗೆ ಗುಳೆ ಹೋಗುವವರು, ಇವರೆಲ್ಲರ ಮನೆಗಳಿಗೆ ನಜರೇತಿನ ಮನೆ ತೀರ ದೂರದ್ದೇನಲ್ಲ.

ದಾರಿಯಲ್ಲಿ ಕಂಡ ಕುಟುಂಬ

ಈ ಹಬ್ಬಕ್ಕೆ ಮೂರು ವರ್ಷಗಳ ಸರದಿಯಲ್ಲಿ ಮೂರು ಶುಭಸಂದೇಶ ಭಾಗಗಳಿವೆ. ಒಂದು ವರ್ಷ ಪವಿತ್ರ ಕುಟುಂಬ ಈಜಿಪ್ಟಿಗೆ ಓಡಿಹೋದದ್ದನ್ನು ಕೇಳುತ್ತೇವೆ (ಮತ್ತಾಯ 2). ಇನ್ನೊಂದು ವರ್ಷ ಮಗುವನ್ನು ದೇವಾಲಯದಲ್ಲಿ ಕಾಣಿಕೆಯಾಗಿ ಅರ್ಪಿಸಿದ್ದನ್ನು, ಮತ್ತೊಂದು ವರ್ಷ ಹನ್ನೆರಡು ವರ್ಷದ ಯೇಸು ಜೆರುಸಲೇಮಿನಲ್ಲಿ ಕಾಣೆಯಾಗಿ ಸಿಕ್ಕಿದ್ದನ್ನು ಕೇಳುತ್ತೇವೆ (ಲೂಕ 2). ಮೂರರಲ್ಲೂ ಒಂದು ಸಂಗತಿ ಗಮನಿಸಿರಿ. ಮೂರರಲ್ಲೂ ಈ ಕುಟುಂಬ ದಾರಿಯಲ್ಲಿದೆ. ಮನೆಯಲ್ಲಿ ಸುಖವಾಗಿ ಕುಳಿತ ಚಿತ್ರ ಒಂದರಲ್ಲೂ ಇಲ್ಲ. ಭಯ, ಬಡತನ, ಅಲೆದಾಟ, ಹುಡುಕಾಟ ಎಲ್ಲವೂ ಅವರಿಗೆ ಬಂದವು. ಕಷ್ಟವಿಲ್ಲದ ಮನೆಯೇ ಪವಿತ್ರ ಮನೆ ಎಂದು ನಾವು ತಿಳಿದಿದ್ದರೆ ಆ ತಿಳಿವಳಿಕೆಯನ್ನು ಇಂದು ತಿದ್ದಿಕೊಳ್ಳೋಣ. ಕಷ್ಟವನ್ನು ಕೂಡಿ ಹೊತ್ತದ್ದರಿಂದ ಅದು ಪವಿತ್ರ ಕುಟುಂಬವಾಯಿತು.

ಮೊದಲ ದಾರಿ ಈಜಿಪ್ಟಿನದು. ಹೆರೋದನು ಮಗುವನ್ನು ಕೊಲ್ಲಲು ಹುಡುಕುತ್ತಿದ್ದಾನೆಂದು ಕನಸಿನಲ್ಲಿ ತಿಳಿದ ಜೋಸೆಫರು ಆ ರಾತ್ರಿಯೇ ಎದ್ದು ಹೊರಟರು. ಶುಭಸಂದೇಶಗಳಲ್ಲಿ ಅವರ ಬಾಯಿಂದ ಬಂದ ಒಂದು ಮಾತೂ ದಾಖಲಾಗಿಲ್ಲ. ಅವರ ಪ್ರೀತಿಯನ್ನು ನಾವು ಅವರ ಕೆಲಸದಲ್ಲಿ ಕಾಣುತ್ತೇವೆ. ಮರಿಯಮ್ಮನವರು ಕೂಸನ್ನೆತ್ತಿಕೊಂಡು ಅವರ ಜೊತೆ ನಡೆದರು. ಕನಸು ಬಿದ್ದದ್ದು ಒಬ್ಬರಿಗೆ, ನಡೆದವರು ಇಬ್ಬರೂ.

ಗುಳೆ ಎಂದರೇನೆಂದು ನಮ್ಮ ಜನರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ನಿಜಾಮರ ಕಾಲದಲ್ಲಿ, 1874ರಲ್ಲಿ, ಸಿಕಂದರಾಬಾದಿನಿಂದ ವಾಡಿಯವರೆಗೆ ರೈಲು ಬಂತು. ಸೇಡಂ, ಚಿತ್ತಾಪುರಗಳು ಆ ದಾರಿಯಲ್ಲೇ ಇವೆ. ವಾಡಿ ಜಂಕ್ಷನ್ನಿನಿಂದ ಒಂದು ಹಳಿ ಸೊಲ್ಲಾಪುರ, ಮುಂಬಯಿ ಕಡೆಗೆ, ಒಂದು ರಾಯಚೂರು ಕಡೆಗೆ, ಒಂದು ಹೈದರಾಬಾದ್ ಕಡೆಗೆ ಹೋಗುತ್ತದೆ. ನಮ್ಮ ಎಷ್ಟೋ ಮನೆಗಳೂ ಹೀಗೆಯೇ ಕವಲೊಡೆದಿವೆ. ಗಂಡ ಮುಂಬಯಿಯಲ್ಲಿ, ಹಿರಿಮಗ ಹೈದರಾಬಾದಿನಲ್ಲಿ, ಹೆಂಡತಿ ಮತ್ತು ಸಣ್ಣ ಮಕ್ಕಳು ಊರಲ್ಲಿ ಅಜ್ಜ ಅಜ್ಜಿಯ ಬಳಿ. 2020ರ ಲಾಕ್‌ಡೌನಿನಲ್ಲಿ ನಗರಗಳಲ್ಲಿ ಕೆಲಸ ನಿಂತಾಗ ಸಾವಿರಾರು ಜನ ಕಲಬುರಗಿ ಜಿಲ್ಲೆಗೆ ಮರಳಿ ಬಂದರು. ಕೆಲಸ ಹೋದಾಗ ಎಲ್ಲರ ಕಾಲೂ ತಿರುಗಿದ್ದು ಮನೆಯ ಕಡೆಗೇ.

ದೂರವಿರುವುದರಿಂದಲೇ ಮನೆ ಒಡೆಯುತ್ತದೆ ಎಂದೇನೂ ಇಲ್ಲ. ದೂರದಲ್ಲಿರುವವನು ಫೋನಿನಲ್ಲಿ ಕೇಳುವುದು ಹಣ ಮುಟ್ಟಿತೇ ಎಂಬುದೊಂದನ್ನೇ ಆದಾಗ, ಊರಲ್ಲಿರುವವರು ಹೇಳುವುದು ಖರ್ಚಿನ ಲೆಕ್ಕವೊಂದನ್ನೇ ಆದಾಗ ಒಡಕು ಶುರುವಾಗುತ್ತದೆ. ಮಗಳ ಪರೀಕ್ಷೆ ಹೇಗಾಯಿತು, ಅವ್ವನ ಮೊಣಕಾಲು ನೋವು ಹೇಗಿದೆ, ಇವನ್ನೂ ಕೇಳಬೇಕು. ಒಂದು ಕರೆಯ ಕೊನೆಗೆ ಎಲ್ಲರೂ ಸೇರಿ ಒಂದು ಪರಲೋಕ ಮಂತ್ರ ಹೇಳಿದರೆ ಮುಂಬಯಿಯೂ ಚಿಂಚೋಳಿಯೂ ಒಂದೇ ಮನೆಯಾಗುತ್ತವೆ.

ಎರಡನೆಯ ದಾರಿ ದೇವಾಲಯದ್ದು. ಅಲ್ಲಿ ಇಬ್ಬರು ವೃದ್ಧರಿದ್ದಾರೆ: ಸಿಮೆಯೋನ ಮತ್ತು ಅನ್ನಾ. ಮರಿಯಮ್ಮನವರು ತಮ್ಮ ಕಂದನನ್ನು ಆ ಮುದುಕರ ಕೈಗೆ ಕೊಟ್ಟರು. ಇಂದು ನಮ್ಮ ಮನೆಗಳಲ್ಲಿ ಮಕ್ಕಳು ಹಿರಿಯರ ಕೈಗೆ ಸಿಗುತ್ತಿದ್ದಾರೆಯೇ? ಅಜ್ಜನ ಕೆಮ್ಮು ತೊಂದರೆ ಎಂದು ಹೊರಗಿನ ಪಡಸಾಲೆಗೆ ಹಾಸಿಗೆ ಹಾಕಿದ ಮನೆಯಲ್ಲಿ ಮೊಮ್ಮಕ್ಕಳು ಏನನ್ನು ಕಲಿಯುತ್ತಾರೆ? ತಂದೆಗೆ ಬುದ್ಧಿ ಮಂಕಾದರೂ ಅವನನ್ನು ಹೀಗಳೆಯಬಾರದೆಂದು ಸಿರಾಖನ ಗ್ರಂಥ ಎಚ್ಚರಿಸುತ್ತದೆ (3ನೇ ಅಧ್ಯಾಯ). ಕ್ರಿಸ್ತರಿಗಿಂತ ಮೊದಲೇ ಬರೆದ ಮಾತು. ಇಂದು ಬೆಳಿಗ್ಗೆ ನಮಗಾಗಿಯೇ ಬರೆದಂತಿದೆ.

ಮೂರು ದಿನದ ಹುಡುಕಾಟ

ಮೂರನೆಯ ದಾರಿಯ ಬಗ್ಗೆ ಸ್ವಲ್ಪ ನಿಧಾನವಾಗಿ ಯೋಚಿಸೋಣ. ಪಾಸ್ಕ ಹಬ್ಬ ಮುಗಿಸಿ ಎಲ್ಲರೂ ಊರಿಗೆ ಹೊರಟಿದ್ದಾರೆ. ಮಗ ಜೊತೆಯವರ ಗುಂಪಿನಲ್ಲಿರಬಹುದೆಂದು ನೆನೆಸಿ ತಾಯಿತಂದೆ ಒಂದು ದಿನದ ದಾರಿ ನಡೆದುಬಿಟ್ಟರು. ಮನೆಗಳಲ್ಲಿ ಅನೇಕ ತೊಂದರೆಗಳು ಹುಟ್ಟುವುದು ಈ 'ಇರಬಹುದು' ಎಂಬ ಮಾತಿನಿಂದಲೇ. ಮಗನ ಶಾಲೆಯ ವಿಷಯ ಅವಳು ನೋಡುತ್ತಿರಬಹುದು ಎಂದು ಅವನು. ಸಾಲದ ಕಂತು ಅವರು ಕಟ್ಟಿರಬಹುದು ಎಂದು ಅವಳು. ಅಪ್ಪನ ಔಷಧಿ ತಮ್ಮ ತಂದಿರಬಹುದು ಎಂದು ಅಣ್ಣ. ಒಂದು ದಿನದ ದಾರಿ ನಡೆದ ಮೇಲೆ ನೋಡಿದರೆ ಯಾರೂ ತಂದಿಲ್ಲ, ಯಾರೂ ಕಟ್ಟಿಲ್ಲ, ಯಾರೂ ನೋಡಿಲ್ಲ.

ಮಗ ಇಲ್ಲವೆಂದು ತಿಳಿದಾಗ ಆ ಇಬ್ಬರು ಏನು ಮಾಡಿದರು? ನೀನು ನೋಡಿಕೊಳ್ಳಬೇಕಿತ್ತು, ನೀವು ನೋಡಿಕೊಳ್ಳಬೇಕಿತ್ತು ಎಂಬ ಜಗಳ ಶುಭಸಂದೇಶದಲ್ಲಿ ಎಲ್ಲಿಯೂ ಇಲ್ಲ. ಇಬ್ಬರೂ ಒಟ್ಟಿಗೆ ಹಿಂದಕ್ಕೆ ತಿರುಗಿದರು, ಒಟ್ಟಿಗೆ ಹುಡುಕಿದರು, ಮೂರನೆಯ ದಿನ ಒಟ್ಟಿಗೆ ಕಂಡುಕೊಂಡರು. ಮಗ ಸಿಕ್ಕಾಗ ಮರಿಯಮ್ಮನವರು ಆಡಿದ ಮಾತಿನಲ್ಲಿ ಮೊದಲು ಬರುವುದು ಜೋಸೆಫರ ಸಂಕಟ, ಆಮೇಲೆ ತಮ್ಮ ಸಂಕಟ. ತಾಯಿ ತನ್ನ ಕಣ್ಣೀರಿಗಿಂತ ಮೊದಲು ಗಂಡನ ಕಣ್ಣೀರನ್ನು ಮಗನಿಗೆ ತೋರಿಸಿದರು. ಕುಟುಂಬದ ಐಕ್ಯ ಎಂದರೆ ಇದೇ.

ಇನ್ನೂ ಒಂದು ಮಾತಿದೆ. ಮಗ ಕೊಟ್ಟ ಉತ್ತರ ಅವರಿಗೆ ಅರ್ಥವಾಗಲಿಲ್ಲವೆಂದು ಲೂಕ ಬರೆಯುತ್ತಾರೆ. ಅರ್ಥವಾಗದಿದ್ದರೂ ಮೂವರೂ ಒಟ್ಟಿಗೆ ನಜರೇತಿಗೆ ನಡೆದರು. ಮಗ ಅವರಿಗೆ ವಿಧೇಯನಾಗಿದ್ದನು. ತಾಯಿ ಎಲ್ಲವನ್ನೂ ಮನಸ್ಸಿನಲ್ಲಿಟ್ಟುಕೊಂಡರು. ಹರೆಯದ ಮಗ, ಮಗಳು ಆಡುವ ಮಾತು ತಮಗೆ ಅರ್ಥವಾಗುತ್ತಿಲ್ಲವೆಂದು ಚಿಂತಿಸುವ ತಾಯಿತಂದೆಯರೇ, ಅವರು ಹೇಳುವುದೆಲ್ಲ ಅರ್ಥವಾದ ಮೇಲೆಯೇ ಪ್ರೀತಿಸುತ್ತೇವೆ ಎಂದು ಕಾಯಬೇಡಿರಿ.

ಪಾಲಿನ ಮಾತು

ನಮ್ಮ ಕಡೆ ಮನೆಗಳು ಮುರಿಯುವುದು ಹೆಚ್ಚಾಗಿ ಹೊಲಮನೆಯ ಪಾಲಿನ ಸಲುವಾಗಿ. ಆದ್ದರಿಂದ ಆ ಮಾತನ್ನು ಬಿಟ್ಟು ಮುಂದೆ ಹೋಗುವುದು ಸರಿಯಲ್ಲ.

ಶಹಾಬಾದ್ ಸಮೀಪದ ಮರತೂರು ಎಂಬ ಊರು ನಿಮಗೆಲ್ಲ ಗೊತ್ತು. ಕಲ್ಯಾಣದ ಚಾಲುಕ್ಯ ದೊರೆ ಆರನೇ ವಿಕ್ರಮಾದಿತ್ಯನ ಕಾಲದಲ್ಲಿ 'ಮಿತಾಕ್ಷರ' ಎಂಬ ಗ್ರಂಥವನ್ನು ಬರೆದ ವಿಜ್ಞಾನೇಶ್ವರರ ಊರು ಅದು. ಅವಿಭಕ್ತ ಕುಟುಂಬದ ಆಸ್ತಿ ಯಾರದು, ಪಾಲು ಹೇಗೆ ಎಂಬುದಕ್ಕೆ ಭಾರತದ ಬಹುಭಾಗದ ಹಿಂದೂ ಕುಟುಂಬಗಳು ಶತಮಾನಗಳ ಕಾಲ ಆಧಾರವಾಗಿ ಹಿಡಿದದ್ದು ನಮ್ಮ ಈ ಮಣ್ಣಿನಲ್ಲಿ ಹುಟ್ಟಿದವರ ಗ್ರಂಥವನ್ನು. ಪಿತ್ರಾರ್ಜಿತ ಆಸ್ತಿಯಲ್ಲಿ ಮಗನಿಗೆ ಹುಟ್ಟಿನಿಂದಲೇ ಹಕ್ಕಿದೆ ಎಂಬುದು ಅದರ ಮುಖ್ಯ ಮಾತು. ಹೆಣ್ಣುಮಕ್ಕಳಿಗೂ ಹುಟ್ಟಿನಿಂದಲೇ ಅದೇ ಹಕ್ಕನ್ನು ಕೊಟ್ಟದ್ದು 2005ರ ಕಾನೂನು ತಿದ್ದುಪಡಿ. ಕ್ರೈಸ್ತರಾದ ನಮಗೆ ಅನ್ವಯವಾಗುವುದು 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆ. ತಂದೆ ಮೃತ್ಯುಪತ್ರ ಬರೆಯದೆ ತೀರಿಕೊಂಡರೆ ಮಗನಿಗೂ ಮಗಳಿಗೂ ಅದರಲ್ಲಿ ಸಮಪಾಲು.

ಕಾನೂನು ಇಷ್ಟು ಸ್ಪಷ್ಟವಾಗಿದ್ದರೂ ನಮ್ಮ ಮನೆಗಳಲ್ಲಿ ಆಗುವುದೇನು? ಹಬ್ಬಕ್ಕೆ ಬಂದ ಅಕ್ಕನಿಗೆ ಸೀರೆ ಉಡಿಸಿ, ಊಟಕ್ಕೆ ಬಡಿಸಿ, ಕೊನೆಗೆ ಹಕ್ಕುಬಿಡುಗಡೆ ಪತ್ರಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವುದುಂಟು. ಅವಳು ಮನಸಾರೆ ಬಿಟ್ಟುಕೊಟ್ಟರೆ ಅದು ಅವಳ ದೊಡ್ಡತನ. ಬಾಯಿ ಮುಚ್ಚಿಸಿ ಪಡೆದರೆ ಅದು ನಮ್ಮ ಸಣ್ಣತನ. ಎರಡು ಎಕರೆ ಉಳಿಯಿತೆಂದು ಅಣ್ಣತಮ್ಮಂದಿರು ಸಂತೋಷಪಡಬಹುದು. ಆದರೆ ಅಂದಿನಿಂದ ಆಕೆಗೆ ತವರುಮನೆ ಎಂಬುದೇ ಇಲ್ಲವಾಗುತ್ತದೆ.

ಯೇಸುಸ್ವಾಮಿ ಹೇಳಿದ ದುಂದುಗಾರ ಮಗನ ಸಾಮತಿಯೂ (ಲೂಕ 15) ಪಾಲಿನಿಂದಲೇ ಶುರುವಾಗುತ್ತದೆ. ತಂದೆ ಬದುಕಿರುವಾಗಲೇ ಕಿರಿಮಗ ಪಾಲು ಕೇಳಿದನು. ಹಿರಿಮಗ ಪಾಲು ಕೇಳಲಿಲ್ಲ, ಮನೆ ಬಿಟ್ಟೂ ಹೋಗಲಿಲ್ಲ. ಆದರೆ ತಮ್ಮ ತಿರುಗಿ ಬಂದ ದಿನ ಅವನು 'ನನ್ನ ತಮ್ಮ' ಎನ್ನುವ ಮಾತನ್ನೇ ಬಿಟ್ಟನು. ಅವನನ್ನು ತಂದೆಯ ಮಗನೆಂದು ಕರೆದನು. ತಂದೆಯಾದರೋ ಆ ಮಾತನ್ನು ತಿದ್ದಿ, ಬಂದವನು ನಿನ್ನ ತಮ್ಮನೆಂದು ನೆನಪಿಸಿದರು. ಇಬ್ಬರೂ ಕಳೆದುಹೋದವರೇ. ಒಬ್ಬನು ದೂರದೇಶದಲ್ಲಿ ಕಳೆದುಹೋದನು, ಇನ್ನೊಬ್ಬನು ಮನೆಯಲ್ಲಿದ್ದೇ ಕಳೆದುಹೋದನು.

ಅಣ್ಣತಮ್ಮಂದಿರು ಬೇರೆ ಒಲೆ ಹೂಡುವುದು ಪಾಪವಲ್ಲ. ಮಕ್ಕಳು ಬೆಳೆದಾಗ, ಮನೆ ಸಾಲದಾದಾಗ ಬೇರೆಯಾಗುವುದು ಸಹಜ. ವಾಟ್ನಿ ಮಾಡಿಕೊಳ್ಳಿರಿ, ನ್ಯಾಯವಾಗಿ ಮಾಡಿಕೊಳ್ಳಿರಿ, ಅಕ್ಕತಂಗಿಯರನ್ನು ಕೂರಿಸಿಕೊಂಡು ಮಾಡಿಕೊಳ್ಳಿರಿ. ಒಲೆ ಎರಡಾಗಲಿ, ಮನಸ್ಸು ಎರಡಾಗದಿರಲಿ. ಮನೆಯೊಂದು ಮೂರು ಬಾಗಿಲು ಎಂದು ನಮ್ಮ ಹಿರಿಯರು ಅಂದದ್ದು ಗೋಡೆಯ ಬಾಗಿಲುಗಳನ್ನು ನೋಡಿ ಅಲ್ಲ.

ಒಡೆಯುವ ಕಲ್ಲು, ಬೆಸೆಯುವ ಪುಡಿ

ಶಹಾಬಾದಿನ ಫರಸಿ ಕಲ್ಲನ್ನು ನೋಡದವರು ನಮ್ಮಲ್ಲಿ ಯಾರೂ ಇಲ್ಲ. ನಮ್ಮ ಮನೆಗಳ ನೆಲವೂ ಅದೇ. ಆ ಕಲ್ಲು ಪದರ ಪದರವಾಗಿದೆ. ಉಳಿಯಿಟ್ಟು ಸುತ್ತಿಗೆಯಿಂದ ಹೊಡೆದರೆ ಹಾಳೆಯಂತೆ ಬಿಡಿಸಿಕೊಳ್ಳುತ್ತದೆ. ಈ ಭಾಗದ ಅದೇ ಸುಣ್ಣದಕಲ್ಲಿನಿಂದ ಸಿಮೆಂಟ್ ಕೂಡ ಆಗುತ್ತದೆ. ಒಂದೇ ನೆಲದ ಕಲ್ಲು ಒಂದು ಕಡೆ ಒಡೆಯುತ್ತದೆ, ಇನ್ನೊಂದು ಕಡೆ ಒಡೆದುದನ್ನು ಬೆಸೆಯುತ್ತದೆ. ವ್ಯತ್ಯಾಸ ಎಲ್ಲಿದೆ? ಕಾರ್ಖಾನೆಯಲ್ಲಿ ದುಡಿಯುವ ನಿಮಗೇ ಚೆನ್ನಾಗಿ ಗೊತ್ತು. ಕಲ್ಲನ್ನು ಅರೆದು, ಬೇರೆ ಮಣ್ಣಿನೊಂದಿಗೆ ಬೆರೆಸಿ, ಸುಮಾರು 1450 ಡಿಗ್ರಿ ಬೆಂಕಿಯಲ್ಲಿ ಸುಟ್ಟು ಕ್ಲಿಂಕರ್ ಮಾಡಿ, ಜಿಪ್ಸಮ್ ಸೇರಿಸಿ ಮತ್ತೆ ಅರೆಯಬೇಕು. ಆಗಲೇ ಅದಕ್ಕೆ ಬೆಸೆಯುವ ಗುಣ ಬರುತ್ತದೆ.

ಮನುಷ್ಯನೂ ಹಾಗೆಯೇ. ನಾನು ಹೇಳಿದ್ದೇ ಆಗಬೇಕು ಎಂಬ ಹಟ ಅರೆದುಹೋಗದೆ ಯಾರೂ ಮನೆಯನ್ನು ಬೆಸೆಯಲಾರರು. ಸಂತ ಪೌಲರು ಕೊಲೊಸ್ಸೆಯರಿಗೆ ಬರೆಯುವಾಗ (3ನೇ ಅಧ್ಯಾಯ) ಕನಿಕರ, ದಯೆ, ದೀನತೆ, ಸೈರಣೆಗಳನ್ನು ಬಟ್ಟೆಯಂತೆ ಧರಿಸಿಕೊಂಡು, ಎಲ್ಲದರ ಮೇಲೆ ಪ್ರೀತಿಯನ್ನು ನಡುಕಟ್ಟಿನಂತೆ ಬಿಗಿದುಕೊಳ್ಳಬೇಕೆಂದು ಬೋಧಿಸುತ್ತಾರೆ. ಹೆಂಡತಿಯು ಗಂಡನಿಗೆ ವಿಧೇಯಳಾಗಿರಬೇಕೆಂಬ ಮಾತು ಬರುವುದು ಇಷ್ಟೆಲ್ಲ ಹೇಳಿದ ಮೇಲೆ. ಅದರ ಬೆನ್ನಿಗೇ ಗಂಡಂದಿರು ಹೆಂಡತಿಯನ್ನು ಪ್ರೀತಿಸಬೇಕು, ಕಟುವಾಗಿ ನಡೆಯಬಾರದು, ತಂದೆಯರು ಮಕ್ಕಳನ್ನು ಕೆಣಕಿ ಎದೆಗುಂದಿಸಬಾರದು ಎಂಬ ಆಜ್ಞೆಗಳಿವೆ. ಒಂದು ಸಾಲನ್ನು ಮಾತ್ರ ಬಾಯಿಪಾಠ ಮಾಡಿ ಹೆಂಡತಿಗೆ ಒಪ್ಪಿಸುವವರು ಉಳಿದ ಸಾಲುಗಳನ್ನೂ ಓದಲಿ.

ಇಲ್ಲಿ ಒಂದು ಮಾತನ್ನು ಸ್ಪಷ್ಟವಾಗಿ ಹೇಳಬೇಕು. ಕುಡಿದು ಬಂದು ಹೊಡೆಯುವ ಗಂಡನನ್ನು ಸಹಿಸಿಕೊಂಡು ಸುಮ್ಮನಿರುವುದನ್ನು ಐಕ್ಯವೆಂದು ಧರ್ಮಸಭೆ ಕರೆಯುವುದಿಲ್ಲ. ದುರ್ಬಲರನ್ನು, ಮಕ್ಕಳನ್ನು ಹಿಂಸೆಯಿಂದ ಕಾಪಾಡಲು ಬೇರೆಯಾಗಿರುವುದು ಕೆಲವೊಮ್ಮೆ ಅನಿವಾರ್ಯವೆಂದು ಜಗದ್ಗುರು ಫ್ರಾನ್ಸಿಸರು 2016ರ 'ಅಮೋರಿಸ್ ಲೆತೀಸಿಯ' ಎಂಬ ತಮ್ಮ ಪ್ರಬೋಧನ ಪತ್ರದಲ್ಲಿ ಹೇಳಿದ್ದಾರೆ. ಜೋಸೆಫರು ಹೆರೋದನೊಂದಿಗೆ ಹೊಂದಿಕೊಂಡು ಹೋಗಲು ಕೂರಲಿಲ್ಲ. ತಾಯಿ ಮಗುವನ್ನು ಅಪಾಯದಿಂದ ದೂರ ಕರೆದೊಯ್ದರು. ಅಂಥ ಸಂಕಟದಲ್ಲಿರುವ ಅಕ್ಕತಂಗಿಯರೇ, ದೇವಾಲಯದ ಬಾಗಿಲು ನಿಮಗೆ ತೆರೆದಿದೆ. 181 ಮಹಿಳಾ ಸಹಾಯವಾಣಿಯೂ ಇದೆ. ನೆರೆಹೊರೆಯವರೇ, ಅದು ಅವರ ಮನೆಯ ವಿಷಯ ಎಂದು ಕಿವಿ ಮುಚ್ಚಿಕೊಳ್ಳಬೇಡಿರಿ.

ಇನ್ನು ಸಿಮೆಂಟಿನ ಮಾತನ್ನು ಮುಗಿಸೋಣ. ಗೋಡೆ ಕಟ್ಟಿ ಮೇಸ್ತ್ರಿ ಹೋದ ಮೇಲೆ ಕೆಲಸ ಮುಗಿಯಿತೇ? ದಿನಾಲೂ ನೀರು ಹೊಡೆಯಬೇಕು. ನೀರು ಕಾಣದ ಗೋಡೆ ಎಷ್ಟು ಸಿಮೆಂಟ್ ಹಾಕಿದ್ದರೂ ಬಿರುಕು ಬಿಡುತ್ತದೆ. ಮದುವೆಯ ದಿನ ಪೀಠದ ಮುಂದೆ ಕೊಟ್ಟ ಮಾತೂ ಹಾಗೆಯೇ. ಅದಕ್ಕೆ ದಿನದಿನದ ನೀರು ಬೇಕು.

ಮನೆಯಲ್ಲಿ ಏನು ಮಾಡೋಣ?

ಕೇಳಿ ಹೋಗುವುದಕ್ಕಷ್ಟೇ ಈ ಮಾತುಗಳು ಮುಗಿಯಬಾರದು. ಈ ಹಬ್ಬದಿಂದ ನಾಲ್ಕು ಸಂಗತಿಗಳನ್ನು ನಾವೆಲ್ಲರೂ ಮನೆಯಲ್ಲಿ ಆರಂಭಿಸೋಣ.

1. ಕೂಡಿ ಉಣ್ಣೋಣ. ಪಾಳಿ ಕೆಲಸದ ಮನೆಯಲ್ಲಿ ಮೂರು ಹೊತ್ತೂ ಕೂಡಿ ಉಣ್ಣಲಾಗದು. ಒಂದು ಹೊತ್ತು ಸಾಕು. ರಾತ್ರಿಪಾಳಿ ಮುಗಿಸಿ ಬಂದವನಿಗಾಗಿ ಬೆಳಗಿನ ರೊಟ್ಟಿಗೆ ಎಲ್ಲರೂ ಕಾಯಲಿ. ಟಿವಿ, ಮೊಬೈಲ್ ಆ ಅರ್ಧ ಗಂಟೆ ಬದಿಗಿರಲಿ. ಈ ದಿನಗಳಲ್ಲೇ ಬರುವ ಎಳ್ಳಮಾವಾಸ್ಯೆಯಂದು ನಮ್ಮ ನೆರೆಯ ರೈತರು ಮನೆಮಂದಿಯನ್ನೆಲ್ಲ ಕಟ್ಟಿಕೊಂಡು ಹೊಲಕ್ಕೆ ಹೋಗಿ, ಚರಗ ಚೆಲ್ಲಿ, ಸಜ್ಜೆ ರೊಟ್ಟಿ ಭಜ್ಜಿ ಉಣ್ಣುವುದನ್ನು ನೋಡಿದ್ದೇವೆ. ಹತ್ತಾರು ಕಾಯಿಪಲ್ಯ, ಕಾಳು ಒಂದೇ ಗಡಿಗೆಯಲ್ಲಿ ಬೆಂದು ಭಜ್ಜಿಯಾಗುತ್ತದೆ. ಬಂದವರನ್ನೆಲ್ಲ ಕರೆದು ಕೂರಿಸುತ್ತಾರೆ. ಅವರಿಂದ ನಾವು ಕಲಿಯುವುದಿದೆ.

2. ಕೂಡಿ ದುಡಿಯೋಣ, ಕೂಡಿ ಲೆಕ್ಕ ಹಾಕೋಣ. ತೊಗರಿ ರಾಶಿಗೆ ಮನೆಯವರೆಲ್ಲ ಇಳಿಯುತ್ತಾರೆ. ಕೊಯ್ಯುವವರು, ಬಡಿಯುವವರು, ತೂರುವವರು, ನೀರು ತರುವ ಮಕ್ಕಳು, ಯಾರ ಕೆಲಸವೂ ಸಣ್ಣದಲ್ಲ. ಆದರೆ ಹೊಲದಿಂದ ಮನೆಗೆ ಬಂದ ಮೇಲೆ ಗಂಡಸರು ಕಟ್ಟೆಗೆ, ಹೆಂಗಸರು ಒಲೆಗೆ! ನಜರೇತಿನಲ್ಲಿ ದೇವಪುತ್ರರು ಬಡಗಿಯ ಕೆಲಸ ಕಲಿತರು. ನಮ್ಮ ಗಂಡುಮಕ್ಕಳು ಒಂದು ಕೊಡ ನೀರು ತಂದರೆ, ತಾವು ಉಂಡ ತಾಟು ತಾವೇ ತೊಳೆದರೆ ಅವರ ಗೌರವಕ್ಕೆ ಕುಂದಿಲ್ಲ. ಹಾಗೆಯೇ ಸಂಬಳವೆಷ್ಟು, ಸಾಲವೆಷ್ಟು ಎಂಬುದು ಗಂಡಹೆಂಡತಿ ಇಬ್ಬರಿಗೂ ಗೊತ್ತಿರಲಿ. ಮುಚ್ಚಿಟ್ಟ ಸಾಲ ಮನೆಯ ಒಳಗಿನ ಗೆದ್ದಲು.

3. ಕೂಡಿ ಪ್ರಾರ್ಥಿಸೋಣ. ಎರಡನೇ ವ್ಯಾಟಿಕನ್ ಮಹಾಸಭೆ ಕುಟುಂಬವನ್ನು ಗೃಹ ಧರ್ಮಸಭೆ ಎಂದು ಕರೆಯಿತು. 2005ರಲ್ಲಿ ಸ್ಥಾಪನೆಯಾದ ನಮ್ಮ ಗುಲ್ಬರ್ಗ ಧರ್ಮಕ್ಷೇತ್ರದಲ್ಲಿ ಕಥೋಲಿಕರ ಸಂಖ್ಯೆ ಸಣ್ಣದು, ದೇವಾಲಯಗಳು ದೂರದೂರ. ಎಷ್ಟೋ ಊರುಗಳಲ್ಲಿ ಮನೆಯೇ ಮೊದಲ ದೇವಾಲಯ. ಸಂಜೆ ಜಪಸರದ ಒಂದು ರಹಸ್ಯವಾದರೂ ಆಗಲಿ. ಮುಂದಾಳಾಗಿ ಒಂದು ದಿನ ಮಗಳು ಪ್ರಾರ್ಥಿಸಲಿ, ಒಂದು ದಿನ ಅಪ್ಪ ಪ್ರಾರ್ಥಿಸಲಿ.

4. ದಿನವೇ ರಾಜಿಯಾಗೋಣ. ಗಂಡಹೆಂಡಿರ ಜಗಳ ಉಂಡು ಮಲಗುವ ತನಕ ಎಂಬುದು ನಮ್ಮ ಗಾದೆ. ಸಿಟ್ಟನ್ನು ಸೂರ್ಯಾಸ್ತದ ಆಚೆಗೆ ಒಯ್ಯಬೇಡಿರೆಂದು ಎಫೆಸದವರಿಗೆ ಬರೆದ ಪತ್ರದಲ್ಲೂ (4ನೇ ಅಧ್ಯಾಯ) ಇದೆ. ಗಾದೆಯೂ ಗ್ರಂಥವೂ ಒಂದೇ ಮಾತು ಹೇಳುತ್ತಿವೆ. ದಯವಿಟ್ಟು, ಧನ್ಯವಾದ, ಕ್ಷಮಿಸು, ಈ ಮೂರು ಮಾತುಗಳು ಮನೆಯಲ್ಲಿ ಸದಾ ಇರಬೇಕೆಂದು ಜಗದ್ಗುರು ಫ್ರಾನ್ಸಿಸರು ಮತ್ತೆ ಮತ್ತೆ ಹೇಳುತ್ತಿದ್ದರು. ನಮ್ಮ ಕಡೆಯ ಮಾತಿನಲ್ಲಿ ಹೇಳುವುದಾದರೆ, "ತಪ್ಪಾಯ್ತು ಅಣ್ಣಾ" ಎಂಬ ಎರಡು ಮಾತು. ಅದಕ್ಕೆ ಉತ್ತರವಾಗಿ, "ಇರ್ಲಿ ಬಾರೋ ತಮ್ಮಾ, ಉಣ್ಣು ಬಾ" ಎಂಬ ಕರೆ. ಇಷ್ಟಕ್ಕೆ ಹತ್ತು ವರ್ಷದ ಮುನಿಸು ಕರಗಿದ್ದನ್ನು ಮನೆ ಭೇಟಿಗೆ ಹೋದಾಗ ನಾವು ಕಂಡಿದ್ದೇವೆ. ಆ ಎರಡು ಮಾತು ಬಾಯಿಗೆ ಬಾರದೆ, ಅಣ್ಣನ ಶವದ ಮುಂದೆ ನಿಂತು ತಮ್ಮ ಗೋಳಾಡಿದ್ದನ್ನೂ ಕಂಡಿದ್ದೇವೆ.

ಪ್ರಿಯರೇ, ಹೊಸ ವರ್ಷಕ್ಕೆ ಇನ್ನು ಕೆಲವೇ ದಿನಗಳಿವೆ. ನಮ್ಮಲ್ಲಿ ಯಾರು ಯಾರೊಂದಿಗೆ ಮಾತು ಬಿಟ್ಟಿದ್ದೇವೆ ಎಂಬುದು ನಮನಮಗೆ ಗೊತ್ತು. ಇಂದು ಬಲಿಪೂಜೆಯಲ್ಲಿ ಶಾಂತಿಯ ಕೈ ನೀಡುವಾಗ ಪಕ್ಕದಲ್ಲಿ ನಿಂತವರಿಗೆ ಕೈ ಮುಗಿದು ಸುಮ್ಮನಾಗದಿರೋಣ. ಆ ಶಾಂತಿಯನ್ನು ಹೊತ್ತುಕೊಂಡು ಇಂದೇ ಆ ಒಬ್ಬರ ಮನೆಯ ಬಾಗಿಲು ತಟ್ಟೋಣ. ಅವರು ತೆರೆಯಬಹುದು, ತೆರೆಯದೆಯೂ ಇರಬಹುದು. ಮರಿಯಮ್ಮನವರೂ ಜೋಸೆಫರೂ ಮೂರು ದಿನ ಹುಡುಕಿದರು. ಮೊದಲ ದಿನವೇ ಸಿಗಲಿಲ್ಲವೆಂದು ಬಿಟ್ಟುಬಿಡಲಿಲ್ಲ.

ಯೇಸು, ಮರಿಯ, ಜೋಸೆಫರ ಪವಿತ್ರ ಕುಟುಂಬವೇ, ಗಣಿಯಲ್ಲಿ, ಕಾರ್ಖಾನೆಯಲ್ಲಿ, ಹೊಲದಲ್ಲಿ ದುಡಿಯುವ ನಮ್ಮ ಮನೆಗಳಿಗೆ ಬನ್ನಿರಿ. ಗುಳೆ ಹೋದವರ ದಾರಿಯಲ್ಲಿ ಜೊತೆಯಾಗಿರಿ. ಮುರಿದ ಮನಸ್ಸುಗಳನ್ನು ಬೆಸೆದು, ನಮ್ಮ ಪ್ರತಿಯೊಂದು ಮನೆಯನ್ನೂ ನಿಮ್ಮ ನಜರೇತನ್ನಾಗಿ ಮಾಡಿರಿ.

ಆಮೆನ್.